ಗೆಲ್ಲು (ಕೊಂಬೆ) ಕಡಿದರೆ ಇರುವೆ ಸುರಿಯುವ ಈ ಮರ ಯಾವುದು?

ತೋಡಿನಬದಿ

ಎಲ್ಲರಿಗೂ ನಮಸ್ಕಾರ. ಸುಳ್ಯದಿಂದ ಸಂಪಾಜೆಗೆ ಹೋಗುವ ದಾರಿಯಲ್ಲಿ ಸ್ವಲ್ಪ ಒಳಗೆ ನಮ್ಮ ತೋಟ. ಅಡಿಕೆಗೆ ಹಳದಿ ರೋಗ ಬಂದು ಅರ್ಧ ತೋಟ ಹೋಗಿದೆ. ಬ್ಯಾಂಕಿನ ಸಾಲ ಇದೆ. ತೋಟದ ಮೇಲ್ಗಡೆ ತೋಡಿನ (ಸಣ್ಣ ಹಳ್ಳದ) ಬದಿಯಲ್ಲಿ ಸುಮಾರು ಅರ್ಧ ಎಕರೆ ಕಾಡು ಹಾಗೇ ಉಳಿದಿದೆ. ಕುಮ್ಕಿ (ತೋಟಕ್ಕೆ ತಾಗಿದ ಸರ್ಕಾರಿ ಜಾಗ) ಅಲ್ಲ, ನಮ್ಮ ವರ್ಗದೊಳಗೇ, ಅಂದರೆ ಪಟ್ಟಾ ಜಮೀನಿನೊಳಗೇ ಬರುತ್ತದೆ. ಅಪ್ಪನ ಕಾಲದಿಂದ ಸೊಪ್ಪು, ತರಗೆಲೆ ತರುವುದಕ್ಕೆ ಬಿಟ್ಟರೆ ಬೇರೇನೂ ಮಾಡಿಲ್ಲ. ಈ ವರ್ಷ ಅದನ್ನು ಸವರಿ ಕಾಫಿ, ಕಾಳುಮೆಣಸು ಹಾಕೋಣ ಅಂತ ಹೊರಟೆ.

ಮೊನ್ನೆ ಮಳೆ ಬಿದ್ದ ಮಾರನೇ ದಿನ ಕೆಲಸಕ್ಕೆ ಬರುವ ಅಣ್ಣ ಒಂದು ಸಣ್ಣ ಮರದ ಗೆಲ್ಲು ಕಡಿದರು. ಗೆಲ್ಲಿನ ತುಂಬಾ ಗಂಟು ಗಂಟು ಹಾಗೆ ಉಬ್ಬಿದೆ, ಒಳಗೆ ಪೊಳ್ಳು. ಅದರೊಳಗಿಂದ ಇರುವೆ ಸುರಿದವು. ಇನ್ನೊಂದು ಉಬ್ಬಿನಿಂದ ಎರೆಹುಳದ ಹಾಗಿರುವುದು ಬಿತ್ತು ಅಂತ ಅವರು ಹೇಳುತ್ತಾರೆ. ನೆಲದಿಂದ ತಲೆಯೆತ್ತರಕ್ಕಿಂತ ಮೇಲೆ! ನಾನು ನೋಡಿಲ್ಲ. ಅವರು ಸುಳ್ಳು ಹೇಳುವವರಲ್ಲ.

ಮರ ದಪ್ಪ ಇಲ್ಲ. ಕಾಂಡದ ಮೇಲೇ ಹೂಗೊಂಚಲು. ತೊಟ್ಟಿನ ಕಡೆ ಕೆಂಪು, ಎಸಳು ಬಿಳಿ. ಅದೇ ಮರ ಅಲ್ಲಿ ಹತ್ತಿಪ್ಪತ್ತು ಇದೆ. ಯಾವುದು ಅಂತ ಗೊತ್ತಿದ್ದವರು ಹೇಳಿ. ಅಲ್ಲಿಯವರೆಗೆ ಕತ್ತಿ ಕೆಳಗಿಟ್ಟಿದ್ದೇವೆ.

ಮಲೆಯಕ್ಕ

ಕಾಂಡದಲ್ಲೇ ಹೂ ಅಂದರೆ ಅಶೋಕ ಇರಬಹುದು ತಮ್ಮಾ. ಸೀತೆ ಕೂತಿದ್ದ ಮರ. ಅದರ ಚಿಗುರು ಬಾಡಿದ ಹಾಗೆ ಜೋಲು ಬಿದ್ದಿರುತ್ತದೆ. ಇದರದ್ದೂ ಹಾಗೇ ಇದೆಯಾ?

ತೋಡಿನಬದಿ

ಹೌದು ಅಕ್ಕ, ಚಿಗುರು ಜೋಲಾಡುತ್ತದೆ. ಮೊದಲ ಸಲ ನೋಡಿದಾಗ ಗಿಡ ಒಣಗುತ್ತಿದೆ ಅಂದುಕೊಂಡಿದ್ದೆ.

ಬಿಸಿಲೆಘಾಟಿ

ಅಶೋಕ ಅಲ್ಲ, ಅದರ ನೆಂಟ. ಅಶೋಕದ ಹೂವಿಗೆ ಎಸಳೇ ಇಲ್ಲ. ನಮಗೆ ಎಸಳಿನ ಹಾಗೆ ಕಾಣುವುದು ಅದರ ಪುಷ್ಪಪಾತ್ರೆ, ಅಂದರೆ ಮೊಗ್ಗನ್ನು ಮುಚ್ಚಿರುವ ಹೊರಪದರ. ಕಿತ್ತಳೆ ಬಣ್ಣದಲ್ಲಿ ಅರಳಿ ಬರಬರುತ್ತಾ ಕೆಂಪಾಗುತ್ತದೆ. ನೀವು ಬಿಳಿ ಎಸಳು ಅಂದಿರಲ್ಲ, ಅಲ್ಲಿಗೇ ಅಶೋಕ ಬಿಟ್ಟುಹೋಯಿತು. ಅಶೋಕದ ಗೆಲ್ಲು ಪೊಳ್ಳೂ ಅಲ್ಲ.

ನಿಮ್ಮದು ಹಾಸಿಗೆ ಮರ. ಸಸ್ಯಶಾಸ್ತ್ರದ ಹೆಸರು ಹಂಬೋಲ್ಟಿಯಾ ಬ್ರುನೋನಿಸ್. ಪಶ್ಚಿಮ ಘಟ್ಟ ಬಿಟ್ಟರೆ ಪ್ರಪಂಚದಲ್ಲಿ ಬೇರೆಲ್ಲೂ ತಾನಾಗಿ ಬೆಳೆಯುವುದಿಲ್ಲ. ಘಟ್ಟದಲ್ಲೂ ಎಲ್ಲ ಕಡೆ ಇಲ್ಲ. ಕೊಡಗು, ದಕ್ಷಿಣ ಕನ್ನಡ, ಆಗುಂಬೆ ಸುತ್ತಮುತ್ತ, ಮತ್ತೆ ಕೇರಳದ ಉತ್ತರ ಭಾಗ. ದೊಡ್ಡ ಮರಗಳ ನೆರಳಿನ ಕೆಳಗೇ ಹುಟ್ಟಿ ಅಲ್ಲೇ ಬದುಕು ಮುಗಿಸುವ ಸಣ್ಣ ಮರ ಇದು.

ಅವರೆ, ತೊಗರಿಯ ಕುಟುಂಬವೇ ಇದರದ್ದೂ. ಆ ದೊಡ್ಡ ಕುಟುಂಬದೊಳಗೆ ಡೆಟಾರಿಯಾಯ್ಡೀ ಅನ್ನುವ ಒಂದು ಕವಲು ಇದೆ. ಅಶೋಕ, ಹುಣಸೆ, ನಮ್ಮ ಕಾಡಿನ ಎಣ್ಣೆಮರ, ಈ ಹಾಸಿಗೆ ಮರ ಎಲ್ಲ ಅದೇ ಕವಲಿನವು. ಚಿಗುರು ಜೋಲು ಬೀಳುವುದು ಈ ಬಳಗದ ಎಷ್ಟೋ ಮರಗಳಲ್ಲಿ ಕಾಣುತ್ತದೆ. ಹಾಗಾಗಿ ಅಕ್ಕ ಅಶೋಕ ಅಂದಿದ್ದು ದೂರದ ಮಾತೇನಲ್ಲ.

ಮಲೆಯಕ್ಕ

ಹುಣಸೆಯೂ ಅದೇ ಮನೆಯದ್ದಾ! ಇಷ್ಟು ವರ್ಷ ಗೊತ್ತೇ ಇರಲಿಲ್ಲ.

ಕಾಫಿಕಾಡು

ಹೆಸರೆಲ್ಲ ಸರಿ. ಉಪಯೋಗ ಏನು ಅಂತ ಯಾರಾದರೂ ಹೇಳಿ. ಮೋಪಿಗೆ ಬರುವ ಮರ ಅಲ್ಲ. ತಿನ್ನುವ ಹಣ್ಣಿಲ್ಲ. ತೋಡಿನಬದಿ ಅವರಿಗೆ ಸಾಲ ಇದೆ. ಹಳದಿ ರೋಗದಲ್ಲಿ ತೋಟ ಕಳೆದುಕೊಂಡವರ ಕಷ್ಟ ನಾನು ಕಣ್ಣಾರೆ ಕಂಡಿದ್ದೇನೆ. ಬದುಕಿಗೆ ದಾರಿ ಹುಡುಕುವವರಿಗೆ ಕಾಡು ಉಳಿಸಿ ಅಂತ ಹೇಳುವ ಮೊದಲು ನಾವೂ ಯೋಚನೆ ಮಾಡಬೇಕು.

ಒಂದು ಮಾತು. ದ್ವಿದಳದ ಮರ ಅಂದಮೇಲೆ ಬೇರಿನಲ್ಲಿ ಗಂಟು ಕಟ್ಟಿ ಮಣ್ಣಿಗೆ ಸಾರಜನಕ ಕೊಡುತ್ತದೆ ಅಲ್ವಾ? ಹಾಲುವಾಣ, ಗ್ಲಿರಿಸಿಡಿಯಾ ಹಾಗೆ. ಹಾಗಿದ್ದರೆ ಕಾಫಿಗೆ ನೆರಳಿಗೆ ನಾಲ್ಕು ಮರ ಬಿಡಬಹುದು.

ಬಿಸಿಲೆಘಾಟಿ

ಕಾಫಿಕಾಡು ಅಣ್ಣ, ಕಷ್ಟದ ವಿಷಯದಲ್ಲಿ ನಿಮ್ಮ ಮಾತಿಗೆ ನನ್ನ ಎದುರು ಮಾತಿಲ್ಲ. ಸಾರಜನಕದ ವಿಷಯದಲ್ಲಿ ಮಾತ್ರ ಇದೆ.

ಎಲ್ಲ ದ್ವಿದಳದ ಮರಗಳೂ ಬೇರುಗಂಟು ಕಟ್ಟುವುದಿಲ್ಲ. ಹಾಲುವಾಣ, ಗ್ಲಿರಿಸಿಡಿಯಾ ಬೇರೆ ಕವಲಿನವು. ಅವು ಕಟ್ಟುತ್ತವೆ. ಡೆಟಾರಿಯಾಯ್ಡೀ ಬಳಗಕ್ಕೆ ಆ ವಿದ್ಯೆ ಇಲ್ಲ. ಹುಣಸೆ ಗಿಡದ ಬೇರು ಅಗೆದು ನೋಡಿ, ಗಂಟು ಸಿಗುವುದಿಲ್ಲ. ಹಾಸಿಗೆ ಮರವೂ ಅಷ್ಟೇ. ಹಾಗಾಗಿ ಗೊಬ್ಬರದ ಆಸೆಯಿಂದ ಇದನ್ನು ಬಿಡಿ ಅಂತ ನಾನು ಹೇಳಲಾರೆ.

ಹಾಗಾದರೆ ಇದಕ್ಕೆ ಸಾರಜನಕ ಎಲ್ಲಿಂದ ಬರುತ್ತದೆ? ಎಲ್ಲ ಗಿಡಗಳ ಹಾಗೆ ಮಣ್ಣಿನಿಂದ ಬರುವುದು ಬರುತ್ತದೆ. ಅದರ ಜೊತೆಗೆ ಗೆಲ್ಲಿನೊಳಗಿಂದಲೂ ಬರುತ್ತದೆ. ನಿಮ್ಮ ಕೆಲಸದ ಅಣ್ಣ ಕಂಡ ಎರೆಹುಳದ ಕಥೆಯೂ ಅಲ್ಲೇ ಇದೆ. ಇಲ್ಲಿ ಒಬ್ಬರು ಇರುವೆಗಳ ಬಗ್ಗೆ ಓದುತ್ತಿರುವವರು ಇದ್ದಾರೆ. ಅವರೇ ಹೇಳಲಿ, ನನಗಿಂತ ಚೆನ್ನಾಗಿ ಹೇಳುತ್ತಾರೆ.

ಇರುವೆಸಾಲು

ಈ ಮರದ ಬಗ್ಗೆ ಯಾರಾದರೂ ಕೇಳಲಿ ಅಂತ ಎಷ್ಟು ದಿನದಿಂದ ಕಾಯುತ್ತಿದ್ದೆ! ಸ್ವಲ್ಪ ಉದ್ದ ಆಗುತ್ತದೆ, ಓದಿ.

ಮೊದಲು ಎರೆಹುಳ. ಅಣ್ಣ ಹೇಳಿದ್ದು ನಿಜ. ಪೆರಿಯೋನಿಕ್ಸ್ ಪೆಲ್ಲೇಟಸ್ ಅನ್ನುವ ಒಂದು ಜಾತಿಯ ಎರೆಹುಳ ಈ ಮರದ ಪೊಳ್ಳು ಗೆಲ್ಲುಗಳೊಳಗೆ ಇರುತ್ತದೆ. ನೆಲದಿಂದ ಮಳೆಗೆ ದಾರಿ ತಪ್ಪಿ ಹತ್ತಿದ್ದಲ್ಲ. ಮರದ ಮೇಲೇ ಅದರ ವಾಸ. ದಯವಿಟ್ಟು ಅವರಿಗೆ ಹೇಳಿ, ವಿಜ್ಞಾನಿಗಳೂ ಅದನ್ನೇ ನೋಡಿದ್ದಾರೆ ಅಂತ.

ಇನ್ನು ಆ ಪೊಳ್ಳು. ಅದು ಹುಳ ಕೊರೆದದ್ದಲ್ಲ, ರೋಗವೂ ಅಲ್ಲ. ಎರಡು ಗೆಣ್ಣುಗಳ ನಡುವಿನ ಭಾಗ ತಾನೇ ಉಬ್ಬುತ್ತದೆ. ಒಳಗಿನ ತಿರುಳು ಹೋಗಿ ಕೋಣೆಯ ಹಾಗೆ ಆಗುತ್ತದೆ. ಆಮೇಲೆ ಪಕ್ಕದಲ್ಲಿ ಒಂದು ಸಣ್ಣ ಸೀಳು ತಾನಾಗಿ ಬಿಡುತ್ತದೆ. ಬೇರೆ ಎಷ್ಟೋ ಇರುವೆ ಗಿಡಗಳಲ್ಲಿ ಬಾಗಿಲನ್ನು ಇರುವೆಯೇ ಕಚ್ಚಿ ಕೊರೆಯಬೇಕು. ಇಲ್ಲಿ ಮರವೇ ಬಾಗಿಲು ತೆಗೆದು ಕೊಡುತ್ತದೆ. ನನಗೆ ಈ ಮರದ ಬಗ್ಗೆ ಅತಿ ಹೆಚ್ಚು ಇಷ್ಟ ಆಗುವುದು ಇದೇ.

ಬಾಗಿಲು ತೆರೆದಿದ್ದರೆ ಯಾರು ಬೇಕಾದರೂ ಬರಬಹುದು ಅಲ್ವಾ? ಹಾಗೇ ಆಗಿದೆ. ಮಧ್ಯ ಅಮೆರಿಕದಲ್ಲಿ ಗೂಳಿ ಕೊಂಬಿನಂಥ ಮುಳ್ಳಿರುವ ಒಂದು ಜಾಲಿ ಇದೆ. ಅದೂ ದ್ವಿದಳದ್ದೇ. ಅದರ ಪೊಳ್ಳು ಮುಳ್ಳಿನಲ್ಲಿ ಇರುವ ಇರುವೆಗಳು ಎಲೆ ಮುಟ್ಟಿದವರನ್ನು ಕಚ್ಚಿ ಓಡಿಸುತ್ತವೆ. 1960ರ ದಶಕದಲ್ಲಿ ಡೇನಿಯಲ್ ಜಾನ್ಸನ್ ಮೆಕ್ಸಿಕೋದಲ್ಲಿ ಮಾಡಿದ ಕೆಲಸದಿಂದ ಅದು ಜಗತ್ತಿಗೇ ಗೊತ್ತಾಯಿತು. ಅಲ್ಲಿ ಮರಕ್ಕೂ ಇರುವೆಗೂ ಗಟ್ಟಿ ಒಪ್ಪಂದ. ನಮ್ಮ ಹಾಸಿಗೆ ಮರ ಹಾಗಲ್ಲ, ಛತ್ರದ ಹಾಗೆ. ಹತ್ತಕ್ಕಿಂತ ಜಾಸ್ತಿ ಜಾತಿಯ ಇರುವೆಗಳು, ಒಂಟಿ ಜೇನು, ಎರೆಹುಳ ಎಲ್ಲ ಬಂದು ಇಳಿಯುತ್ತವೆ.

ಇವುಗಳಲ್ಲಿ ಮರಕ್ಕೆ ನಿಜವಾಗಿ ಕಾವಲು ಕಾಯುವುದು ಕಡಿಮೆ. ಟೆಕ್ನೋಮಿರ್ಮೆಕ್ಸ್ ಆಲ್ಬಿಪೆಸ್ ಅನ್ನುವ ಸಣ್ಣ ಕಪ್ಪು ಇರುವೆ, ಪಾದ ಬಿಳಿ, ಅದು ಎಲೆ ತಿನ್ನುವ ಹುಳಗಳನ್ನು ಓಡಿಸುತ್ತದೆ. ಅದೂ ಎಲ್ಲ ಊರಲ್ಲೂ ಒಂದೇ ತರ ಅಲ್ಲ. ಹೊಟ್ಟೆ ಮೇಲೆತ್ತಿ ಓಡಾಡುವ ಇನ್ನೊಂದು ಇರುವೆ ಜಾಗ ಹಿಡಿಯುತ್ತದೆ, ಕಾವಲು ಮಾತ್ರ ಕಾಯುವುದಿಲ್ಲ.

ಕಾಫಿಕಾಡು

ಕಾವಲೂ ಇಲ್ಲ ಅಂದರೆ ಮರ ಅಷ್ಟು ಕೋಣೆ ಕಟ್ಟಿ ಯಾಕೆ ಕೊಡಬೇಕು? ನಷ್ಟ ಅಲ್ವಾ?

ಇರುವೆಸಾಲು

ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ರೆನೀ ಬೋರ್ಜಸ್ ಮತ್ತು ಅವರ ತಂಡ ವರ್ಷಗಟ್ಟಲೆ ಕೆಲಸ ಮಾಡಿದ್ದು ಇದೇ ಪ್ರಶ್ನೆಯ ಮೇಲೆ. ಗೆಲ್ಲಿನೊಳಗೆ ಇರುವ ಜೀವಿಗಳು ಉಣ್ಣುತ್ತವೆ, ಹಿಕ್ಕೆ ಹಾಕುತ್ತವೆ, ಕಸ ಬಿಡುತ್ತವೆ, ಸಾಯುತ್ತವೆ. ಅದರಲ್ಲಿರುವ ಸಾರಜನಕವನ್ನು ಮರ ಆ ಕೋಣೆಯ ಒಳಗೋಡೆಯಿಂದಲೇ ಹೀರಿಕೊಳ್ಳುತ್ತದೆ. 2014ರಲ್ಲಿ ಇದನ್ನು ಪ್ರಕಟಿಸಿದರು. ಕಾವಲು ಕಾಯುವ ಇರುವೆಯಿಂದ ಮಾತ್ರ ಅಲ್ಲ, ಕಾವಲು ಕಾಯದ ಇರುವೆಯಿಂದಲೂ, ಎರೆಹುಳದಿಂದಲೂ ಮರಕ್ಕೆ ಸಾರ ಸಿಗುತ್ತದೆ. ಸುಮ್ನೆ ಬಂದು ಕೂತಿದ್ದಾರೆ ಅಂತ ನಮಗೆ ಕಾಣುವವರಿಂದಲೂ ಮರಕ್ಕೆ ಊಟ ಇದೆ.

ಬೇರುಗಂಟು ಇಲ್ಲದ ದ್ವಿದಳದ ಮರ, ಮಳೆಗೆ ಸಾರವೆಲ್ಲ ಕೊಚ್ಚಿಹೋಗುವ ಮಣ್ಣು. ಅಂಥಾ ಕಡೆ ಗೆಲ್ಲೇ ಗೊಬ್ಬರದ ಗುಂಡಿ ಆಗಿದೆ. ಬಿಸಿಲೆಘಾಟಿ ಅಣ್ಣ ಬೇರುಗಂಟಿನ ಮಾತು ಎತ್ತಿದ್ದು ಎಷ್ಟು ಸರಿ ಅಂತ ಈಗ ನೋಡಿ.

ಒಂಟಿ ಜೇನಿನ ಮಾತು ಬಿಟ್ಟೆ. ಬ್ರೌನ್ಸಾಪಿಸ್ ಅನ್ನುವ ಪುಟ್ಟ ಜೇನು ಅದೇ ಕೋಣೆಯಲ್ಲಿ ಗೂಡು ಮಾಡಿ ಮರಿ ಸಾಕುತ್ತದೆ. ಅದೇ ಮರದ ಹೂವಿಗೆ ಪರಾಗ ಹಂಚುವುದೂ ಅದೇ. 2008ರಲ್ಲಿ ಅದೇ ತಂಡ ಇದನ್ನು ತೋರಿಸಿತು. ಇರುವೆಗೆ ಅಂತ ಕಟ್ಟಿದ ಮನೆಯಲ್ಲಿ ಹೂವಿಗೆ ಬೇಕಾದವರೂ ಉಳಿದುಕೊಂಡರು.

ಚಿಗುರೆಲೆ ಮತ್ತು ಮೊಗ್ಗಿನ ಮೇಲೆ ಸಣ್ಣ ಗ್ರಂಥಿಗಳಿಂದ ಸಿಹಿ ರಸವೂ ಬರುತ್ತದೆ. ಚಿಗುರಿನ ಸಮಯದಲ್ಲಿ ಬೆಳಿಗ್ಗೆ ಹೋಗಿ ನೋಡಿ, ಇರುವೆಗಳು ಸಾಲುಗಟ್ಟಿರುತ್ತವೆ.

ತೋಡಿನಬದಿ

ಕೆಲಸದ ಅಣ್ಣನಿಗೆ ಫೋನಿನಲ್ಲಿ ಇದನ್ನೆಲ್ಲ ಓದಿ ಹೇಳಿದೆ. ತುಂಬಾ ಖುಷಿಪಟ್ಟರು. ಅವರ ಅಜ್ಜಿ ಕೂಡ ಮರದೊಳಗೆ ಹುಳ ಇರುತ್ತದೆ ಅಂತ ಹೇಳುತ್ತಿದ್ದರಂತೆ, ಮನೆಯಲ್ಲಿ ಯಾರೂ ನಂಬುತ್ತಿರಲಿಲ್ಲವಂತೆ.

ಇನ್ನೊಂದು. ನಿನ್ನೆ ಹೋಗಿ ಎಲ್ಲ ಮರ ನೋಡಿದೆ. ಕೆಲವು ಮರದಲ್ಲಿ ಒಂದು ಉಬ್ಬೂ ಇಲ್ಲ. ಎಲೆ ಅದೇ, ಹೂ ಅದೇ. ಅದು ಬೇರೆ ಜಾತಿಯಾ?

ಇರುವೆಸಾಲು

ಅದೇ ಜಾತಿ. ಈ ಮರದಲ್ಲಿ ಕೆಲವಕ್ಕೆ ಉಬ್ಬು ಇರುತ್ತದೆ, ಕೆಲವಕ್ಕೆ ಇರುವುದೇ ಇಲ್ಲ. ಪಕ್ಕಪಕ್ಕದಲ್ಲೇ ಎರಡೂ ತರ ಸಿಗುತ್ತವೆ. ಉಬ್ಬಿರುವ ಮರಗಳಲ್ಲಿ ಕಾಯಿ ಜಾಸ್ತಿ ಕಚ್ಚುವುದನ್ನು ನೋಡಿದ್ದಾರೆ. ಆದರೂ ಉಬ್ಬಿಲ್ಲದವು ಉಳಿದುಕೊಂಡು ಬಂದಿವೆ. ಅದಕ್ಕೇ ಇದನ್ನು ಓದುವವರಿಗೆ ಇಷ್ಟು ಆಸಕ್ತಿ. ಒಂದು ಗಿಡ ಇರುವೆಗೆ ಮನೆ ಕಟ್ಟಲು ಕಲಿಯುವಾಗ ಮಧ್ಯದಲ್ಲಿ ಹೇಗಿರುತ್ತದೆ ಅಂತ ನೋಡುವ ಅವಕಾಶ ಇಲ್ಲಿ ಸಿಗುತ್ತದೆ.

ಪುತ್ತೂರುಮೇಷ್ಟ್ರು

ಹೆಸರಿನ ಬಗ್ಗೆ ಒಂದೆರಡು ಮಾತು ಸೇರಿಸುತ್ತೇನೆ. ಹಂಬೋಲ್ಟಿಯಾ ಅಂದರೆ ಜರ್ಮನಿಯ ಅಲೆಕ್ಸಾಂಡರ್ ಫಾನ್ ಹಂಬೋಲ್ಟ್ ಅವರ ಹೆಸರು. ಬ್ರುನೋನಿಸ್ ಅಂದರೆ ಸಸ್ಯಶಾಸ್ತ್ರಜ್ಞ ರಾಬರ್ಟ್ ಬ್ರೌನ್. ಹಂಬೋಲ್ಟರಿಗೆ ಭಾರತಕ್ಕೆ ಬರಬೇಕು ಅಂತ ಬಹಳ ಆಸೆ ಇತ್ತು. ಈಸ್ಟ್ ಇಂಡಿಯಾ ಕಂಪನಿ ಒಪ್ಪಿಗೆ ಕೊಡಲಿಲ್ಲ. ಬರಲೇ ಇಲ್ಲ ಪಾಪ. ಅವರ ಹೆಸರು ಹೊತ್ತ ಮರಗಳು ಮಾತ್ರ ನಮ್ಮ ಘಟ್ಟದಲ್ಲಿ ಹೂ ಬಿಡುತ್ತಿವೆ. ಈ ಕುಲದ ಮರಗಳೆಲ್ಲ ಪಶ್ಚಿಮ ಘಟ್ಟದವು. ಒಂದು ಜಾತಿ ಮಾತ್ರ ಶ್ರೀಲಂಕಾದಲ್ಲೂ ಇದೆ.

ನನಗೆ ಕನ್ನಡದ ಹೆಸರೇ ಹೆಚ್ಚು ಇಷ್ಟ. ಮಕ್ಕಳಿಗೆ ಹಾಸಿಗೆ ಮರ ಅಂದರೆ ಕೂಡಲೇ ನೆನಪಿರುತ್ತದೆ.

ಕಾಫಿಕಾಡು

ಇರುವೆಸಾಲು ಅವರು ಬರೆದಿದ್ದು ಎರಡು ಸಲ ಓದಿದೆ. ಚೆನ್ನಾಗಿ ಹೇಳಿದಿರಿ. ಆದರೂ ನನ್ನ ಪ್ರಶ್ನೆ ಹಾಗೇ ಇದೆ. ಅರ್ಧ ಎಕರೆ ತುಂಡು ಕಾಡು. ಇದೇ ಮರ ಘಟ್ಟದ ಮೀಸಲು ಅರಣ್ಯದಲ್ಲಿ ಸಾವಿರಗಟ್ಟಲೆ ಇರಬಹುದು. ಇಲ್ಲಿ ಇಪ್ಪತ್ತು ಹೋದರೆ ಏನಾಗುತ್ತದೆ?

ಬಿಸಿಲೆಘಾಟಿ

ಇದು ಸರಿಯಾದ ಪ್ರಶ್ನೆ. ಹಾರಿಕೆಯ ಉತ್ತರ ಕೊಡುವುದಿಲ್ಲ.

ಕಾಡಿನಲ್ಲಿ ಇದು ಅಪರೂಪದ ಮರ ಅಲ್ಲ, ನಿಜ. ಪುದುಚೇರಿಯ ಫ್ರೆಂಚ್ ಸಂಸ್ಥೆಯವರು ಕೊಡಗಿನ ಕಡಮಕಲ್ಲು ಮೀಸಲು ಅರಣ್ಯದ ಉಪ್ಪಂಗಳದಲ್ಲಿ 1990ರ ಸುಮಾರಿಗೆ ಒಂದು ಕಾಯಂ ಅಧ್ಯಯನದ ಜಾಗ ಮಾಡಿದರು. ಮರ ಮರಕ್ಕೂ ನಂಬರು ಹಾಕಿ ಅಳೆದರು. ವರ್ಷಕ್ಕೆ 5000 ಮಿಲಿಮೀಟರ್ ದಾಟಿ ಮಳೆ ಬೀಳುವ ಜಾಗ. ಅಲ್ಲಿ ನಾಲ್ಕು ಜಾತಿಯ ಮರಗಳೇ ಹೆಚ್ಚು, ಒಂದೊಂದೂ ಒಂದೊಂದು ಎತ್ತರದಲ್ಲಿ. ಎಲ್ಲಕ್ಕಿಂತ ಮೇಲೆ ತಲೆ ಎತ್ತುವ ಡಿಪ್ಟೆರೋಕಾರ್ಪಸ್, ಅದರ ಕೆಳಗೆ ಧೂಪ, ಮಧ್ಯದಲ್ಲಿ ಕಾಡು ಜಾಯಿಕಾಯಿ, ಎಲ್ಲದರ ಕೆಳಗೆ ಹಾಸಿಗೆ ಮರ. ಘಟ್ಟದ ತಪ್ಪಲಿನ ಈ ತರದ ಕಾಡಿಗೆ ಅವರು ಹೆಸರಿಡುವಾಗ ಮೂರು ಮರಗಳ ಹೆಸರು ಸೇರಿಸಿದರು. ಅದರಲ್ಲಿ ಎರಡು ದ್ವಿದಳದವು, ಎಣ್ಣೆಮರ ಮತ್ತು ಹಾಸಿಗೆ ಮರ.

ಅಂದರೆ ಹಾಸಿಗೆ ಮರ ಗುಂಪಾಗಿ ಇರುವ ಕಡೆ ಹಳೇ ನಿತ್ಯಹರಿದ್ವರ್ಣ ಕಾಡಿನ ತುಂಡು ಇನ್ನೂ ಉಸಿರಾಡುತ್ತಿದೆ ಅಂತ ಅರ್ಥ. ತೋಡಿನಬದಿ ಅವರ ತಂದೆ ಕತ್ತಿ ಹಾಕದೆ ಉಳಿಸಿದ್ದು ಬರೀ ಪೊದೆ ಅಲ್ಲ. ಇಂಥಾ ತಪ್ಪಲಿನ ಕಾಡೇ ನಮ್ಮಲ್ಲಿ ಅತಿ ಹೆಚ್ಚು ಹೋಗಿರುವುದು. ಘಟ್ಟದ ತುದಿಯಲ್ಲಿ ಶೋಲೆ ಉಳಿದಿದೆ. ತಪ್ಪಲಿನಲ್ಲಿ ತೋಟ, ರಬ್ಬರು, ರಸ್ತೆ ಬಂದಿದೆ. ನನ್ನ ಮನೆಯೂ ಅಂಥಾ ಜಾಗದಲ್ಲೇ ಇದೆ, ಹಾಗಾಗಿ ಯಾರನ್ನೂ ದೂರುತ್ತಿಲ್ಲ.

ಇನ್ನೂ ಒಂದು ಇದೆ. ಇದರ ಬೀಜ ದೂರ ಹೋಗುವುದಿಲ್ಲ. ಚಪ್ಪಟೆ ಕಾಯಿ ಬಿರಿದು ಬೀಜ ತಾಯಿ ಮರದ ಸುತ್ತಲೇ ಬೀಳುತ್ತದೆ. ಮಂಗಟ್ಟೆ ಹಕ್ಕಿ ನುಂಗಿ ಇನ್ನೊಂದು ಗುಡ್ಡದಲ್ಲಿ ಉಗುಳುವಂಥಾ ಹಣ್ಣಲ್ಲ ಇದು. ಒಂದು ತೋಡಿನಿಂದ ಹೋಯಿತು ಅಂದರೆ ಆ ತೋಡಿಗೆ ತಾನಾಗಿ ಮತ್ತೆ ಬರುವುದು ಬಹಳ ಕಷ್ಟ. ಮೀಸಲು ಅರಣ್ಯದ ಸಾವಿರ ಮರ ಇಲ್ಲಿಗೆ ಉಪಯೋಗಕ್ಕೆ ಬರುವುದಿಲ್ಲ.

ಮಲೆಯಕ್ಕ

ತಮ್ಮಾ, ನೀರಿನ ವಿಷಯವೂ ನೋಡು. ನಮ್ಮಲ್ಲಿ ತೋಡಿನ ಕರೆ (ದಂಡೆ) ಸವರಿದ ಮೇಲೆ ಎರಡೇ ಮಳೆಗಾಲಕ್ಕೆ ಕರೆ ಜರಿದು ತೋಟಕ್ಕೆ ಮಣ್ಣು ಬಂತು. ನಮ್ಮ ಯಜಮಾನರು ಇವತ್ತಿಗೂ ಆ ಮಾತು ಬಂದರೆ ಸುಮ್ಮನಾಗುತ್ತಾರೆ. ಕಾಫಿ ಹಾಕುವುದಾದರೆ ಬೇರೆ ಜಾಗ ಇಲ್ಲವಾ?

ತೋಡಿನಬದಿ

ಇದೆ ಅಕ್ಕ. ಗುಡ್ಡೆಯ ಮೇಲೆ ಅಕೇಶಿಯಾ ನೆಟ್ಟ ಜಾಗ ಇದೆ. ನೀರು ಏರಿಸಬೇಕು, ಪೈಪಿನ ಖರ್ಚು ಬರುತ್ತದೆ. ಅದಕ್ಕೇ ತೋಡಿನ ಬದಿ ಸುಲಭ ಅಂದುಕೊಂಡಿದ್ದೆ.

ಕಾಫಿಕಾಡು

ಅಕೇಶಿಯಾ ಇದ್ದರೆ ಅದನ್ನು ಮಾರಿ. ಪೈಪಿನ ಖರ್ಚಿಗೆ ಅಷ್ಟಾದರೂ ಬರುತ್ತದೆ. ಅದನ್ನು ಮೊದಲೇ ಹೇಳಬಾರದಿತ್ತಾ ಮಾರಾಯ್ರೆ! ಅಲ್ಲಿ ನೆರಳಿಗೆ ಹಾಲುವಾಣ ಊರಿ ಕಾಳುಮೆಣಸು ಬಿಡಿ. ಎರಡು ವರ್ಷ ತಡ ಆಗಬಹುದು, ಅಷ್ಟೇ. ಕಾಫಿ ಗಿಡ ಬೇಕಾದರೆ ನನ್ನಲ್ಲಿ ಸಸಿ ಇದೆ. ದುಡ್ಡಿನ ಮಾತು ಆಮೇಲೆ ಆಡೋಣ.

ತೋಡಿನ ಬದಿಯ ದೊಡ್ಡ ಮರಗಳಿಗೆ ಬೇಕಾದರೆ ನಾಲ್ಕು ಬಳ್ಳಿ ಹಬ್ಬಿಸಿ. ಕೆಳಗಿನ ಮರ ಕಡಿಯಬೇಕಂತ ಇಲ್ಲ.

ಇರುವೆಸಾಲು

ಕಾಫಿಕಾಡು ಅಣ್ಣ, ಈ ಚರ್ಚೆಯಲ್ಲಿ ನನಗೆ ಅತಿ ಖುಷಿ ಕೊಟ್ಟ ಉತ್ತರ ನಿಮ್ಮದು.

ಪುತ್ತೂರುಮೇಷ್ಟ್ರು

ನಮ್ಮ ಶಾಲೆಯ ಮಕ್ಕಳನ್ನು ಒಂದು ದಿನ ಕರೆತರಬಹುದಾ? ಹೂ ಇರುವಾಗಲೇ ಬಂದರೆ ಒಳ್ಳೆಯದು. ಗೆಲ್ಲು ಮುರಿಯದ ಹಾಗೆ ನೋಡಿಕೊಳ್ಳುವ ಜವಾಬ್ದಾರಿ ನನ್ನದು.

ತೋಡಿನಬದಿ

ಧಾರಾಳವಾಗಿ ಬನ್ನಿ ಸರ್. ಅಮ್ಮ ಆಗಲೇ ಎಷ್ಟು ಮಕ್ಕಳು ಅಂತ ಕೇಳುತ್ತಿದ್ದಾರೆ, ಮಜ್ಜಿಗೆ ಮಾಡಲಿಕ್ಕೆ.

ತೋಡಿನಬದಿ (ಮಳೆಗಾಲ ಶುರುವಾದ ಮೇಲೆ)

ಹಳೇ ಚರ್ಚೆಯನ್ನು ಮತ್ತೆ ಎತ್ತುತ್ತಿದ್ದೇನೆ. ಗುಡ್ಡೆಯ ಅಕೇಶಿಯಾ ಕಡಿಸಿ ಕೊಟ್ಟೆ. ಪೈಪು ಹಾಕಿ ಆಯಿತು. ಕಾಫಿಕಾಡು ಅಣ್ಣ ಕೊಟ್ಟ ಸಸಿ ನೆಟ್ಟಿದ್ದೇವೆ.

ತೋಡಿನ ಬದಿ ಹಾಗೇ ಇದೆ. ಮಕ್ಕಳು ಬಂದಾಗ ಎಲ್ಲ ಮರ ಎಣಿಸಿದರು. ಉಬ್ಬು ಗೆಲ್ಲಿನವು 11, ಉಬ್ಬಿಲ್ಲದವು 8. ಎರಡು ಬಣ್ಣದ ನೂಲು ಕಟ್ಟಿ ಹೋಗಿದ್ದಾರೆ. ಕಾಯಿ ಎಷ್ಟು ಕಚ್ಚಿದೆ ಅಂತ ಇಬ್ಬರು ಮಕ್ಕಳು ಆಗಾಗ ಫೋನು ಮಾಡಿ ಕೇಳುತ್ತಾರೆ, ಎಣಿಸಿ ಹೇಳುತ್ತೇನೆ. ಬಿದ್ದ ಬೀಜ ಹತ್ತು ಹೆಕ್ಕಿ, ಒಣಗಲು ಬಿಡದೆ ಅವತ್ತೇ ಪ್ಲಾಸ್ಟಿಕ್ ತೊಟ್ಟೆಗೆ (ಚೀಲಕ್ಕೆ) ಹಾಕಿದೆ. ಆರು ಮೊಳಕೆ ಬಂದಿವೆ. ತೋಡಿನ ಆಚೆ ಕರೆ ಬೋಳಾಗಿದೆ, ಅಲ್ಲಿ ನೆಡಬೇಕು ಅಂತ ಇದೆ. ನೆರಳು ಬೇಕಾಗುತ್ತದಲ್ಲ, ಮೊದಲು ಅಲ್ಲಿ ಏನು ಹಾಕಲಿ?

ಎರೆಹುಳ ನನ್ನ ಕಣ್ಣಿಗೆ ಇನ್ನೂ ಬಿದ್ದಿಲ್ಲ. ಕೆಲಸದ ಅಣ್ಣ ಮತ್ತೆ ಎರಡು ಸಲ ನೋಡಿದರಂತೆ.

ಬಿಸಿಲೆಘಾಟಿ

ಆಚೆ ಕರೆಗೆ ಮೊದಲು ಉಪ್ಪಳಿಗೆ, ನೇರಳೆ ಹಾಕಿ. ಬೇಗ ಮೇಲೇಳುತ್ತವೆ. ಅವು ನಿಮ್ಮ ತಲೆ ದಾಟಿದ ಮೇಲೆ ಹಾಸಿಗೆ ಮರದ ಸಸಿ ಕೆಳಗಿಡಿ. ಅಲ್ಲಿಯವರೆಗೆ ಸಸಿ ತೊಟ್ಟೆಯಲ್ಲೇ ಇರಲಿ, ಈಚೆ ಕರೆಯ ಮರಗಳ ನೆರಳಲ್ಲಿ.

ಇರುವೆಸಾಲು

ಹುಳ ನೋಡಲಿಕ್ಕೆ ಅಂತ ಹಸಿ ಗೆಲ್ಲು ಕಡಿಯಬೇಡಿ ಅಣ್ಣ. ಗಾಳಿ ಮಳೆಗೆ ಬಿದ್ದ ಗೆಲ್ಲು ಸಿಕ್ಕಿದರೆ ಉದ್ದಕ್ಕೆ ಸೀಳಿ ನೋಡಿ, ಸಿಕ್ಕಿದರೆ ಫೋಟೋ ಹಾಕಿ.